ಕತ್ತರಿಯ ಋಣ

ಸಿನಿಮಾಕ್ಕೆ ಹೋದರೆ ನನಗೊಂದು ಕೆಟ್ಟ ಅಭ್ಯಾಸವಿದೆ. ತೆರೆಯ ಮೇಲೆ ಹೆಸರುಗಳು ಬರುವಾಗ ಯಾರಾದರೂ ಅಡ್ಡ ಬಂದರೆ ಸಿಟ್ಟು ನೆತ್ತಿಗೇರುತ್ತದೆ. ನಾಯಕನ ಹೆಸರು ತಪ್ಪಿತೆಂದಲ್ಲ. ಅದನ್ನು ಹೊರಗೆ ಗೋಡೆಯ ಮೇಲೆ ಆಳೆತ್ತರಕ್ಕೆ ಬರೆದೇ ಇರುತ್ತಾರೆ. ನಾನು ಕಾಯುವುದು ‘ಸಂಕಲನ’ ಎಂಬ ಮಾತಿಗೆ, ಅದರ ಜೊತೆಗೆ ಬಂದು ಕಣ್ಣು ಮಿಟುಕಿಸುವುದರೊಳಗೆ ಹೋಗಿಬಿಡುವ ಒಂದು ಹೆಸರಿಗೆ. ಆ ಹೆಸರು ಬರುವ ಹೊತ್ತಿಗೇ ನೋಡಿ, ಒಬ್ಬರು ಕತ್ತಲೆಯಲ್ಲಿ ಕುರ್ಚಿಯ ನಂಬರು ತಡಕುತ್ತಿರುತ್ತಾರೆ, ಇನ್ನೊಬ್ಬರು ಕಡಲೆಕಾಯಿಯ ಪೊಟ್ಟಣ ಬಿಚ್ಚುತ್ತಿರುತ್ತಾರೆ. ತುಮಕೂರಿನ ಚಿತ್ರಮಂದಿರವೊಂದರಲ್ಲಿ ಹೀಗೆ ನಾನು ಕತ್ತು ನೀಳಮಾಡಿ ಇಣುಕುತ್ತಿದ್ದಾಗ ನನ್ನಾಕೆ, “ಅವರೇನು ನಿಮ್ಮ ನೆಂಟರೇ?” ಎಂದು ಕೇಳಿದಳು. ನೆಂಟರಲ್ಲ. ಆದರೆ ಆ ಕಸುಬಿನವರಿಗೆ ನಾನೊಂದು ಸಾಲ ಕೊಡಬೇಕಾಗಿದೆ. ಅದರ ಲೆಕ್ಕ ಇಪ್ಪತ್ತು ಸೆಕೆಂಡು.

ನಾನು ಹುಟ್ಟಿದ್ದು ಗುಬ್ಬಿಯಲ್ಲಿ. ಗುಬ್ಬಿಯವನೆಂದೊಡನೆ ಕೇಳಿದವರು “ಓಹೋ, ವೀರಣ್ಣನವರ ಊರು” ಎನ್ನುತ್ತಾರೆ. ಚನ್ನಬಸವೇಶ್ವರ ನಾಟಕ ಸಂಘ ನಮ್ಮೂರಿನಲ್ಲಿ ಹುಟ್ಟಿದ್ದು 1884ರಲ್ಲಿ. ‘ಕುರುಕ್ಷೇತ್ರ’ದಲ್ಲಿ ಆನೆ ಕುದುರೆಗಳನ್ನು ರಂಗದ ಮೇಲಕ್ಕೇ ತಂದ ಕಂಪನಿ ಅದು. ಇಂಥ ಊರಿನಲ್ಲಿ ಮನೆಗೊಬ್ಬರಿಗಾದರೂ ಆಟದ ಹುಚ್ಚು ಹಿಡಿಯದೆ ಇರುತ್ತದೆಯೇ? ನಮ್ಮ ಮನೆಯಲ್ಲಿ ಅದು ಹಿಡಿದದ್ದು ನನ್ನ ಸೋದರಮಾವನಿಗೆ. ಬಣ್ಣ ಹಚ್ಚಲು ಮುಖ ಒಪ್ಪಲಿಲ್ಲ, ಹಾಡಲು ಕಂಠ ಒಪ್ಪಲಿಲ್ಲ. ಕೊನೆಗೆ ಊರೂರು ಅಲೆಯುವ ಒಂದು ಟೆಂಟ್ ಸಿನಿಮಾದಲ್ಲಿ ಆಪರೇಟರ್ ಆದ. ಯಾರಿಗೂ ಮುಖ ತೋರಿಸದೆ, ದನಿ ಎತ್ತದೆ, ಸಾವಿರ ಜನವನ್ನು ಅಳಿಸಿ ನಗಿಸುವ ಕೆಲಸ ಸಿಕ್ಕಿತೆಂದು ಅವನಿಗೆ ಬಹಳ ಸಂತೋಷ.

1959ರ ಸುಮಾರಿನ ಮಾತು. ನನಗಾಗ ಹನ್ನೊಂದು ವರ್ಷ. ಗುಬ್ಬಿಯ ಕಡೆ ಆಟ ಮುಗಿಸಿದ ಟೆಂಟು ಕುಣಿಗಲಿನ ಕಡೆಗೆ ಹೋಗಿತ್ತು. ಬೇಸಗೆಯ ರಜಕ್ಕೆ ನಾನು ಮಾವನ ಹಿಂದೆ ಬಿದ್ದೆ. ಹಗಲು ಕುಣಿಗಲಿನ ಕುದುರೆ ಫಾರಮ್ಮಿನ ಬೇಲಿಯ ಹೊರಗೆ ನಿಂತು ಕುದುರೆಗಳ ಓಟ ನೋಡುವುದು, ರಾತ್ರಿ ಮಾವನ ಗೂಡಿನಲ್ಲಿ ಕುಳಿತು ಯಂತ್ರದ ಓಟ ನೋಡುವುದು. ಇದಕ್ಕಿಂತ ಬೇರೆ ಸ್ವರ್ಗ ಆಗ ನನಗೆ ಗೊತ್ತಿರಲಿಲ್ಲ.

ಆ ಗೂಡನ್ನು ಈಗಿನವರು ನೋಡಿರಲಾರರು. ಎರಡು ಕರಿಯ ಕಾರ್ಬನ್ ಕಡ್ಡಿಗಳ ತುದಿಗಳ ನಡುವೆ ಕಣ್ಣು ಕುಕ್ಕುವ ಬೆಳಕು. ಅದರ ಮುಂದೆ ಹಾದುಹೋಗುವ ಫಿಲ್ಮು. ಒಂದು ಅಡಿ ಫಿಲ್ಮಿಗೆ ಹದಿನಾರು ಚಿತ್ರ, ಒಂದು ಸೆಕೆಂಡಿಗೆ ಇಪ್ಪತ್ತನಾಲ್ಕು ಚಿತ್ರ. ಸಾವಿರ ಅಡಿಯ ರೀಲು ಓಡಿದರೆ ಹನ್ನೊಂದು ನಿಮಿಷ. ಈ ಲೆಕ್ಕಗಳು ನನಗೆ ಮಗ್ಗಿಗಿಂತ ಚೆನ್ನಾಗಿ ಬಾಯಿಪಾಠವಾಗಿದ್ದವು. ಹಳ್ಳಿಯ ಟೆಂಟಿಗೆ ಬರುವ ಹೊತ್ತಿಗೆ ಪ್ರಿಂಟು ಹತ್ತಾರು ಊರು ಸುತ್ತಿ ಸವೆದು ಬಂದಿರುತ್ತಿತ್ತು. ಅಂಚಿನ ತೂತುಗಳು ಹರಿದು, ಫಿಲ್ಮು ಯಂತ್ರದ ಹಲ್ಲಿಗೆ ಸಿಕ್ಕಿಕೊಂಡು ಪಟ್ಟೆಂದು ತುಂಡಾಗುವುದು. ನೆಲದ ಟಿಕೆಟ್ಟಿನವರು ಶಿಳ್ಳೆ ಹಾಕುವರು. ಮಾವ ಗಾಬರಿಯಾಗುತ್ತಿರಲಿಲ್ಲ. ಹರಿದ ಭಾಗವನ್ನು ಕತ್ತರಿಸಿ ಒಂದು ತಗಡಿನ ಡಬ್ಬಕ್ಕೆ ಹಾಕಿ, ಎರಡು ತುದಿಗಳನ್ನೂ ಬ್ಲೇಡಿನಿಂದ ಕೆರೆದು, ಘಾಟು ವಾಸನೆಯ ಅಂಟು ಹಚ್ಚಿ, ಬೆರಳಿನಲ್ಲಿ ಒತ್ತಿ ಹಿಡಿದು, ಮನಸ್ಸಿನಲ್ಲೇ ಹತ್ತು ಎಣಿಸುತ್ತಿದ್ದ. ಹತ್ತು ಮುಗಿಯುತ್ತಲೂ ಸತ್ತ ರಾಜ ಎದ್ದು ಕುಳಿತು ಮಾತು ಮುಂದುವರಿಸುತ್ತಿದ್ದ. ಮರುದಿನ ಬೆಳಿಗ್ಗೆ ನಿಧಾನವಾಗಿ ಕುಳಿತು, ಡಬ್ಬದ ತುಂಡುಗಳಲ್ಲಿ ರಿಪೇರಿಯಾಗುವಂಥವನ್ನು ಸರಿಮಾಡಿ ಮತ್ತೆ ಅವುಗಳ ಜಾಗಕ್ಕೇ ಸೇರಿಸುವುದು ಅವನ ಕ್ರಮ.

ಆ ಡಬ್ಬದ ಮೇಲೆ ನನ್ನ ಕಣ್ಣು. ನಮ್ಮ ವಯಸ್ಸಿನ ಹುಡುಗರೆಲ್ಲರೂ ಆಗ ಚಿತ್ರಮಂದಿರದ ಮಾಲೀಕರೇ. ಉರಿದುಹೋದ ಬಲ್ಬಿಗೆ ನೀರು ತುಂಬಿದರೆ ಮಸೂರ. ಮುರಿದ ಕನ್ನಡಿಯಿಂದ ಒಳಗೆ ಬಿಟ್ಟ ಬಿಸಿಲೇ ದೀಪ. ಗೋಡೆಗೆ ಕಟ್ಟಿದ ಪಂಚೆಯೇ ಬೆಳ್ಳಿತೆರೆ. ಕೊರತೆ ಫಿಲ್ಮಿನದೊಂದೇ.

ಆ ವಾರ ಟೆಂಟಿಗೆ ಬಂದದ್ದು ‘ಬೇಡರ ಕಣ್ಣಪ್ಪ’. 1954ರಲ್ಲಿ ವೀರಣ್ಣನವರ ಸಂಸ್ಥೆ ಎಚ್.ಎಲ್.ಎನ್. ಸಿಂಹ ಅವರ ನಿರ್ದೇಶನದಲ್ಲಿ ತೆಗೆದ ಚಿತ್ರ. ನಾಟಕದ ಮುತ್ತುರಾಜ ಚಿತ್ರದ ರಾಜ್‌ಕುಮಾರನಾದದ್ದು ಅದರಿಂದಲೇ. ಬಂದು ಐದು ವರ್ಷವಾಗಿದ್ದರೂ ಜನ ಗಾಡಿ ಕಟ್ಟಿಕೊಂಡು ಬರುತ್ತಿದ್ದರು. ಶುಕ್ರವಾರ ಎರಡನೆಯ ಆಟದಲ್ಲಿ, ಕಣ್ಣಪ್ಪ ಶಿವನಿಗೆ ಕಣ್ಣು ಕೊಡುವ ಜಾಗದಲ್ಲೇ ಫಿಲ್ಮು ಹರಿಯಿತು. ಮಾವ ಮೂವತ್ತು ಅಡಿಯಷ್ಟು ಕತ್ತರಿಸಿ ಡಬ್ಬಕ್ಕೆ ಹಾಕಿ ಆಟ ಮುಗಿಸಿದ. ಶನಿವಾರ ಬೆಳಿಗ್ಗೆ ಅವನು ಕಾಫಿಗೆ ಹೋದಾಗ ನಾನು ಆ ತುಂಡನ್ನು ಅಂಗಿಯೊಳಗೆ ಸುತ್ತಿಕೊಂಡು ಓಡಿದೆ. ಕೆರೆಯ ಏರಿಯ ಮರೆಯಲ್ಲಿ ಕುಳಿತು ಕತ್ತರಿಯಿಂದ ಒಂದೊಂದೇ ಚಿತ್ರವಾಗಿ ಕತ್ತರಿಸಿದೆ. ಮೂವತ್ತು ಅಡಿಗೆ ನಾನೂರೆಂಬತ್ತು ಚಿತ್ರ! ಹುಡುಗರಿಗೆ ಹಂಚಿದೆ, ಗೋಲಿಗೆ ಮಾರಿದೆ. ಮಧ್ಯಾಹ್ನದೊಳಗೆ ನಾನು ಕುಣಿಗಲಿನ ದೊಡ್ಡ ಸಾಹುಕಾರನಾದೆ. ಆ ದಿನ ಮಾವನಿಗೆ ಯಂತ್ರದ ಬೇರೇನೋ ರಿಪೇರಿಯ ಗಡಿಬಿಡಿ. ಡಬ್ಬ ತೆಗೆದು ನೋಡಲಿಲ್ಲ.

ಶನಿವಾರ ರಾತ್ರಿ ಮೊದಲ ಆಟ ಮುಗಿಯಿತು. ಜನವೆಲ್ಲ ಹೋದ ಮೇಲೆ ಒಬ್ಬ ಮುದುಕಿ ಮೊಮ್ಮಗನ ಹೆಗಲು ಹಿಡಿದುಕೊಂಡು ಗೂಡಿನ ಬಾಗಿಲಿಗೆ ಬಂದಳು. ಎರಡು ಕಣ್ಣಿಗೂ ಪೊರೆ ಬರುತ್ತಿತ್ತೆಂದು ಕಾಣುತ್ತದೆ. ಲಾಟೀನಿನ ಬೆಳಕಿನಲ್ಲಿ ಅವು ಬೂದಿಯ ಬಣ್ಣಕ್ಕಿದ್ದವು.

“ಮಗಾ, ಆವಯ್ಯ ಕಣ್ಣು ಕೊಡಾದು ಯಾವಾಗ ಬತ್ತದೆ?” ಎಂದಳು.

“ಆಟ ಮುಗೀತಲ್ಲಜ್ಜಿ.”

“ನಂಗೆ ಕಾಣ್ಲೇ ಇಲ್ವಲ್ಲಪ್ಪಾ. ಅಷ್ಟೊತ್ತಿಗೆ ನನ್ ಕಣ್ಣೇ ಮಂಜಾಯ್ತೇನೋ ಅಂತ ಉಜ್ಜಿ ಉಜ್ಜಿ ನೋಡ್ದೆ.”

ಮಾವನಿಗೆ ಆಗ ನೆನಪಾಯಿತು. ಅವನು ಕೆಳಗಿಳಿದು ಬಂದು ಅವಳ ಕೈ ಹಿಡಿದುಕೊಂಡು ಹೇಳಿದ: “ನಿನ್ನ ಕಣ್ಣಿನ ತಪ್ಪಲ್ಲಜ್ಜಿ, ನನ್ನ ಯಂತ್ರದ ತಪ್ಪು. ಆ ತುಂಡು ನನ್ನ ಹತ್ರಾನೇ ಐತೆ. ನಾಳೆ ಬಾ, ಅಂಟಿಸಿ ತೋರಿಸ್ತೀನಿ. ಟಿಕೀಟು ಬೇಡ.”

ಭಾನುವಾರ ಬೆಳಿಗ್ಗೆ ಮಾವ ಡಬ್ಬವನ್ನು ಚಾಪೆಯ ಮೇಲೆ ಸುರಿದು ಒಂದೊಂದೇ ತುಂಡನ್ನು ಬಿಸಿಲಿಗೆ ಹಿಡಿದು ನೋಡಿದ. ಎರಡು ಸಲ ನೋಡಿದ. ಆಮೇಲೆ, “ನೀನೇನಾದ್ರೂ ತಗೊಂಡ್ಯೇನೋ?” ಎಂದು ಕೇಳಿದ. “ಇಲ್ಲ ಮಾವ” ಎಂದೆ. ಒಪ್ಪಿಕೊಂಡಿದ್ದರೂ ಏನಾಗುತ್ತಿತ್ತು? ನಾನೂರೆಂಬತ್ತು ಚೂರುಗಳನ್ನು ಬ್ರಹ್ಮನೂ ಅಂಟಿಸಲಾರ. ಹೀಗೆಂದು ಎಷ್ಟೋ ವರ್ಷ ನನಗೆ ನಾನೇ ಸಮಾಧಾನ ಹೇಳಿಕೊಂಡಿದ್ದೇನೆ.

ರಾತ್ರಿ ಅಜ್ಜಿ ಬಂದಳು. ಮಾವ ಬಾಯಿಬಿಟ್ಟು ಹೇಳಲಾರದೆ ಅವಳನ್ನು ಕರೆದು ಮುಂದೆ ಬೆಂಚಿನ ಮೇಲೆ ಕೂರಿಸಿದ. ಆ ಜಾಗ ಬಂತು. ಒಂದು ಸಣ್ಣ ನೆಗೆತ ನೆಗೆದು ಮುಂದಕ್ಕೆ ಹೋಯಿತು. ಗೂಡಿನ ಕಿಂಡಿಯಿಂದ ನಾನು ನೋಡುತ್ತಿದ್ದೆ. ಅಜ್ಜಿ ಸೆರಗಿನಿಂದ ಕಣ್ಣೊರೆಸಿಕೊಂಡಳು, ಮತ್ತೆ ಒರೆಸಿಕೊಂಡಳು. ಆಟ ಮುಗಿದ ಮೇಲೆ ಅವಳು ಗೂಡಿನ ಕಡೆಗೆ ಬರಲಿಲ್ಲ. ಏನನ್ನೂ ಕೇಳದೆ ಮೊಮ್ಮಗನ ಹೆಗಲು ಹಿಡಿದುಕೊಂಡು ಕತ್ತಲೆಯಲ್ಲಿ ನಡೆದುಬಿಟ್ಟಳು. ತನ್ನ ಕಣ್ಣೇ ಹೋಯಿತೆಂದು ನಂಬಿಕೊಂಡು ಹೋದಳೆಂಬುದರಲ್ಲಿ ನನಗೆ ಅಂದೂ ಸಂದೇಹವಿರಲಿಲ್ಲ, ಇಂದೂ ಇಲ್ಲ.

ಹತ್ತೊಂಬತ್ತನೆಯ ವಯಸ್ಸಿನಲ್ಲಿ, 1967ರಲ್ಲಿ, ನಾನು ಮದರಾಸಿಗೆ ಹೋದೆ. ಕನ್ನಡ ಚಿತ್ರಗಳು ಬಹುಪಾಲು ಅಲ್ಲೇ ತಯಾರಾಗುತ್ತಿದ್ದ ಕಾಲ. ಒಂದು ಸಂಕಲನದ ಕೋಣೆಯಲ್ಲಿ ಕೈಯಾಳಾಗಿ ಎಂಟು ತಿಂಗಳಿದ್ದೆ. ಅಲ್ಲಿ ಕಂಡದ್ದು ನನ್ನ ಕಲ್ಪನೆಗೆ ತೀರ ವಿರುದ್ಧವಾಗಿತ್ತು. ಕತ್ತರಿಯವನೆಂದರೆ ಕತ್ತರಿಸಿ ಎಸೆಯುವವನೆಂದು ನಾನು ತಿಳಿದಿದ್ದೆ. ಅಲ್ಲಿ ಯಾರೂ ಏನನ್ನೂ ಎಸೆಯುತ್ತಿರಲಿಲ್ಲ. ತೆಗೆದ ತುಂಡು ಎರಡಂಗುಲದ್ದಾದರೂ ಸರಿ, ಅದಕ್ಕೆ ನಂಬರು ಬರೆದು, ಬಟ್ಟೆಯ ಚೀಲದ ಮೇಲಿನ ಮೊಳೆಗೆ ತೂಗುಹಾಕಬೇಕು. ತಿಂಗಳಾದ ಮೇಲೆ ಸಂಕಲನಕಾರರು ತಲೆಯೆತ್ತದೆ ಕೈ ಚಾಚಿದರೆ ಆ ಎರಡಂಗುಲ ಅವರ ಕೈಯಲ್ಲಿರಬೇಕು. ನಾನು ಒಮ್ಮೆ ಒಂದು ತುಂಡು ಹುಡುಕಲಾರದೆ ನಿಂತಾಗ ಅವರು ಬೈಯಲಿಲ್ಲ. “ನಾವು ತೆಗೆಯುವವರು ಕಣಪ್ಪ, ಕಳೆಯುವವರಲ್ಲ” ಎಂದರು. ಅವರಿಗೆ ನನ್ನ ಕುಣಿಗಲಿನ ಕಥೆ ಗೊತ್ತಿರಲಿಲ್ಲ. ಆದರೂ ನನಗೆ ಕೆನ್ನೆಗೆ ಹೊಡೆದಂತಾಯಿತು.

ಸಂಬಳ ಸರಿಯಾಗಿ ಬರಲಿಲ್ಲ. ಊರಿನಲ್ಲಿ ತಾಯಿಗೆ ಕಾಯಿಲೆ. ಹಿಂದಿರುಗಿ ಬಂದು ತುಮಕೂರಿನಲ್ಲಿ ಗುಮಾಸ್ತೆಯ ಕೆಲಸಕ್ಕೆ ಸೇರಿದೆ. ಕಡತಗಳಿಗೆ ನಂಬರು ಹಾಕಿ ಕಟ್ಟಿಡುವ ಕೆಲಸ. ಮದರಾಸಿನ ವಿದ್ಯೆ ಅಷ್ಟರಮಟ್ಟಿಗೆ ವ್ಯರ್ಥವಾಗಲಿಲ್ಲ ಎಂದು ಹೇಳಬೇಕು.

ಆಮೇಲೆ, 70ರ ದಶಕದ ಮೊದಲ ಭಾಗದಲ್ಲಿ, ಕಚೇರಿಯ ಕೆಲಸದ ಮೇಲೆ ಬೆಂಗಳೂರಿಗೆ ಹೋದವನು ಸಂಜೆ ಕಳೆಯಲು ಒಂದು ಇಂಗ್ಲಿಷ್ ಚಿತ್ರಕ್ಕೆ ನುಗ್ಗಿದೆ. ಹೊರಗಿನ ಪಟದಲ್ಲಿ ಕುದುರೆಗಳಿದ್ದವು. ಕುಣಿಗಲಿನ ನೆನಪಿನಿಂದ ಒಳಗೆ ಹೋದೆನೆಂದರೂ ಸರಿಯೆ. ಚಿತ್ರ ‘ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ’. ಅಮೆರಿಕದ ಕಥೆ, ತೆಗೆದದ್ದು ಸ್ಪೇನಿನ ಬಯಲಿನಲ್ಲಿ, ತೆಗೆದವರು ಇಟಲಿಯವರು. ಸೆರ್ಜಿಯೊ ಲಿಯೋನೆ ಅದರ ನಿರ್ದೇಶಕ, 1966ರ ಚಿತ್ರ. ಕೊನೆಗೆ ಒಂದು ದೊಡ್ಡ ಸ್ಮಶಾನದ ನಡುವೆ ಮೂವರು ಒಬ್ಬರಿಗೊಬ್ಬರು ಎದುರಾಗಿ ನಿಲ್ಲುತ್ತಾರೆ. ಯಾರೂ ಮಾತಾಡುವುದಿಲ್ಲ. ಮೊದಲು ದೂರದಿಂದ ಮೂರು ಆಕೃತಿ, ಆಮೇಲೆ ಮುಖ, ಆಮೇಲೆ ಪಿಸ್ತೂಲಿನ ಹತ್ತಿರದ ಕೈ, ಕೊನೆಗೆ ತೆರೆಯ ತುಂಬ ಬರಿ ಕಣ್ಣು. ಒಂದೊಂದು ಚೂರೂ ಹಿಂದಿನದಕ್ಕಿಂತ ಗಿಡ್ಡ. ಮೊರಿಕೋನೆಯ ಸಂಗೀತ ಏರಿದಂತೆ ಕಣ್ಣು, ಕೈ, ಕಣ್ಣು, ಕಣ್ಣು! ಐದು ನಿಮಿಷದ ಹೊತ್ತು ನಡೆದದ್ದೇನು? ಮೂವರು ಸುಮ್ಮನೆ ನಿಂತಿದ್ದರು, ಅಷ್ಟೆ. ನನ್ನ ಅಂಗೈ ಮಾತ್ರ ಬೆವೆತಿತ್ತು. ಅದು ನಟರ ಕೆಲಸವಲ್ಲ, ಕತ್ತರಿಯ ಕೆಲಸ ಎಂದು ಮದರಾಸಿನ ಎಂಟು ತಿಂಗಳು ನನಗೆ ಹೇಳಿತು. ಜೊತೆಗೆ, ತೆರೆಯ ತುಂಬ ಬಂದ ಆ ಕಣ್ಣುಗಳ ನಡುವೆ ಬೂದಿಬಣ್ಣದ ಎರಡು ಕಣ್ಣು ನನಗೆ ಕಂಡವು.

ಆ ಕತ್ತರಿಯವರು ಯಾರೆಂದು ಆಮೇಲೆ ಓದಿ ತಿಳಿದುಕೊಂಡೆ. ಇಬ್ಬರು: ನೀನೊ ಬರಾಲ್ಯಿ, ಯುಜೇನಿಯೊ ಅಲಬೀಸೊ. ಬರಾಲ್ಯಿ ಹುಟ್ಟಿದ್ದು 1925ರಲ್ಲಿ, ತೀರಿಕೊಂಡದ್ದು 2013ರಲ್ಲಿ. ಪಿಸ್ತೂಲಿನ ಚಿತ್ರಗಳನ್ನು ಕತ್ತರಿಸಿದ ಅದೇ ಕೈ ಕವಿ ಪಸೋಲಿನಿಯ ಕ್ರಿಸ್ತಚರಿತ್ರೆಯನ್ನೂ, ಕೊನೆಗಾಲದಲ್ಲಿ ಫೆಲಿನಿಯ ಚಿತ್ರಗಳನ್ನೂ ಕತ್ತರಿಸಿತು. ಅಲಬೀಸೊ ಅವನಿಗಿಂತ ಹನ್ನೆರಡು ವರ್ಷ ಚಿಕ್ಕವನು. ಅವನ ಪಾಲಿಗೆ ಬಂದವು ಹೆಚ್ಚಾಗಿ ಸಂತೆಯ ಸರಕು: ಕುದುರೆಯ ಚಿತ್ರ, ಕೊಲೆಯ ಚಿತ್ರ. ಈ ಕೊಲೆಯ ಚಿತ್ರಗಳಿಗೆ ಅಲ್ಲಿ ‘ಜಾಲ್ಲೊ’ ಎನ್ನುತ್ತಾರೆ, ಎಂದರೆ ಹಳದಿ. ಪತ್ತೇದಾರಿ ಪುಸ್ತಕಗಳು ಹಳದಿ ರಟ್ಟಿನಲ್ಲಿ ಬರುತ್ತಿದ್ದುದರಿಂದ ಆ ಹೆಸರು. ನಮ್ಮಲ್ಲಿ ಎನ್. ನರಸಿಂಹಯ್ಯನವರ ಪತ್ತೇದಾರ ಪುರುಷೋತ್ತಮನನ್ನು ಮೇಷ್ಟರಿಗೆ ಕಾಣದಂತೆ ಓದಿದವರಿಗೆ ಆ ಸರಕಿನ ರುಚಿ ಬಿಡಿಸಿ ಹೇಳಬೇಕಾಗಿಲ್ಲ. ಪಂಡಿತರು ಮೂಗು ಮುರಿಯುವ ಇಂಥ ಚಿತ್ರಗಳನ್ನು ಸೆರ್ಜಿಯೊ ಮಾರ್ತಿನೊ ಮುಂತಾದವರಿಗಾಗಿ ಅಲಬೀಸೊ ಒಂದಾದ ಮೇಲೊಂದರಂತೆ ಜೋಡಿಸಿಕೊಟ್ಟ. ಬಾಗಿಲು ತೆರೆಯುವುದಕ್ಕೂ ಕಿರುಚುವುದಕ್ಕೂ ನಡುವೆ ಎಷ್ಟು ಚಿತ್ರಗಳ ಅಂತರವಿರಬೇಕೆಂಬುದೇ ಅವನ ಶಾಸ್ತ್ರ. ಅದರಲ್ಲಿ ನಾಲ್ಕು ಚಿತ್ರ ಹೆಚ್ಚಾದರೆ ನೋಡುವವನು ನಗುತ್ತಾನೆ. ನಾಲ್ಕು ಕಡಿಮೆಯಾದರೆ ಅವನಿಗೆ ಏನೂ ತಿಳಿಯುವುದಿಲ್ಲ.

ಇವರಾದರೂ ತಮ್ಮ ಹೆಸರು ಉಳಿಸಿಕೊಂಡರು. 1964ರಲ್ಲಿ ಲಿಯೋನೆಯ ಮೊದಲ ಕುದುರೆಚಿತ್ರ ‘ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್’ ಬಂದಾಗ, ಅದು ಅಮೆರಿಕದ್ದೇ ಎಂದು ಜನ ನಂಬಲೆಂದು ಎಲ್ಲರಿಗೂ ಅಲ್ಲಿನ ಹೆಸರಿಟ್ಟರು. ಲಿಯೋನೆ ಬಾಬ್ ರಾಬರ್ಟ್‌ಸನ್ ಆದ. ಸಂಕಲನಕಾರ ರಾಬರ್ತೊ ಚಿಂಕ್ವೀನಿ ಬಾಬ್ ಕ್ವಿಂಟಲ್ ಆದ. ನಮ್ಮ ಮುತ್ತುರಾಜ ಹೆಸರು ಬದಲಾಯಿಸಿಕೊಂಡು ಬೆಳಕಿಗೆ ಬಂದ. ಪಾಪ ಚಿಂಕ್ವೀನಿಯ ಹೆಸರು ಮೊದಲೇ ಕತ್ತಲೆಯಲ್ಲಿತ್ತು. ಅದಕ್ಕೂ ಒಂದು ವೇಷ ಹಾಕಿಸಿದರು.

ಇಟಲಿಯವರನ್ನು ಹೊಗಳುವಾಗ ನಮ್ಮವರನ್ನು ಮರೆಯಬಾರದು. 1970ರ ‘ಸಂಸ್ಕಾರ’ ಚಿತ್ರಕ್ಕೆ ಆಸ್ಟ್ರೇಲಿಯದ ಟಾಮ್ ಕೊವಾನ್ ಕ್ಯಾಮರಾ ಹಿಡಿದರೆ, ಸಂಕಲನ ಮಾಡಿದವರು ಸ್ಟೀವನ್ ಕಾರ್ಟಾ. ಹೀಗೆ ದೂರದ ಕತ್ತರಿ ಕನ್ನಡದ ಅಗ್ರಹಾರಕ್ಕೂ ಬಂತು. ನಮ್ಮ ಸುರೇಶ್ ಅರಸ್ ಅವರ ಕತ್ತರಿ ಆಚೆಗೆ ಹೋಗಿ, ಮಣಿರತ್ನಂ ಅವರ ‘ಬಾಂಬೆ’ಗೆ (1995) ರಾಷ್ಟ್ರಪ್ರಶಸ್ತಿ ತಂದಿತು. ಇವರ ಹೆಸರುಗಳನ್ನು ಕೂಗಿ ಶಿಳ್ಳೆ ಹಾಕಿದವರನ್ನು ಮಾತ್ರ ನಾನು ಕಾಣೆ.

ಬೆಂಗಳೂರಿನಿಂದ ಹಿಂದಿರುಗಿದ ಭಾನುವಾರ ಗುಬ್ಬಿಗೆ ಹೋದೆ. ಟೆಂಟು ಅಷ್ಟರಲ್ಲಿ ಮುಚ್ಚಿಹೋಗಿತ್ತು. ಮಾವ ಮನೆಯ ಜಗಲಿಯ ಮೇಲೆ ರೇಡಿಯೊ ರಿಪೇರಿ ಮಾಡುತ್ತ ಕುಳಿತಿದ್ದ. ಹದಿಮೂರು ಹದಿನಾಲ್ಕು ವರ್ಷದ ಹಿಂದಿನ ಕಳವನ್ನು ಒಪ್ಪಿಕೊಂಡೆ. ಅವನು ತಂತಿಯಿಂದ ಕಣ್ಣು ತೆಗೆಯಲಿಲ್ಲ.

“ತುಂಡು ನಂಗೆ ನೆನಪಿಲ್ಲ ಕಣೋ. ಅಜ್ಜಿ ನೆನಪಿದಾಳೆ” ಎಂದ. ಸ್ವಲ್ಪ ಹೊತ್ತಾದ ಮೇಲೆ, “ಇದನ್ನ ನೀನು ಅವಳಿಗೆ ಹೇಳಬೇಕಾಗಿತ್ತು, ನಂಗಲ್ಲ” ಎಂದ.

ಅವನು ಹೇಳಿದ್ದು ಸರಿ. ಆದರೆ ಯಾವ ಹಳ್ಳಿ, ಯಾರ ಮನೆ? ಹುಡುಕುವುದಕ್ಕೆ ಅವಳ ಹೆಸರೂ ನಮಗೆ ಗೊತ್ತಿರಲಿಲ್ಲ.

ಕತ್ತರಿಸಿದ್ದು ಕೆಲವು ಸಲ ಹಿಂದಿರುಗಿ ಬರುತ್ತದೆ. ನಾನು ಬೆಂಗಳೂರಿನಲ್ಲಿ ನೋಡಿದ ಆ ಚಿತ್ರ ಇಟಲಿಯಲ್ಲಿ 177 ನಿಮಿಷದ್ದು. ಅಮೆರಿಕದ ಹಂಚಿಕೆಗೆ 161 ನಿಮಿಷಕ್ಕೆ ಇಳಿಸಿದ್ದರು. 2003ರಲ್ಲಿ ತೆಗೆದ ಭಾಗಗಳನ್ನು ಹುಡುಕಿ ಇಂಗ್ಲಿಷಿಗೆ ಸೇರಿಸಿದರು. ಆ ಭಾಗಗಳಿಗೆ ಇಂಗ್ಲಿಷಿನ ಮಾತಿರಲಿಲ್ಲ. ಎಪ್ಪತ್ತು ದಾಟಿದ ಕ್ಲಿಂಟ್ ಈಸ್ಟ್‌ವುಡ್, ತೊಂಬತ್ತರ ಹತ್ತಿರದ ಈಲೈ ವಾಲಕ್ ಇಬ್ಬರೂ ಬಂದು ತಮ್ಮ ಹರೆಯದ ಮುಖಗಳಿಗೆ ಮುದಿದನಿ ಕೊಟ್ಟರು. ಮೂರನೆಯವನು, ಲೀ ವಾನ್ ಕ್ಲೀಫ್, 1989ರಲ್ಲೇ ತೀರಿಹೋಗಿದ್ದ. ಅವನಿಗೆ ಇನ್ನೊಬ್ಬರು ಮಾತಾಡಿದರು. ಲಿಯೋನೆಯ ಕೊನೆಯ ಚಿತ್ರದ ಗತಿ ಇನ್ನೂ ಹೀನ. ಬರಾಲ್ಯಿ ಜೋಡಿಸಿಕೊಟ್ಟ ‘ಒನ್ಸ್ ಅಪಾನ್ ಎ ಟೈಮ್ ಇನ್ ಅಮೆರಿಕ’ 229 ನಿಮಿಷದ್ದು. 1984ರಲ್ಲಿ ಅಮೆರಿಕದ ಹಂಚಿಕೆದಾರರು ಅದನ್ನು 139 ನಿಮಿಷ ಮಾಡಿ, ಹಿಂದುಮುಂದಾಗಿ ಹೆಣೆದಿದ್ದ ಕಥೆಯನ್ನು ನೇರ ಮಾಡಿ ತೋರಿಸಿದರು. ನೋಡಿದವರಿಗೆ ಕಥೆಯ ಸತ್ತ್ವವೇ ಸಿಕ್ಕಲಿಲ್ಲ. ನಿರ್ದೇಶಕನ ತಪ್ಪೆಂದುಕೊಂಡವರೆಷ್ಟೋ, ತಮ್ಮ ತಿಳಿವಳಿಕೆಯ ತಪ್ಪೆಂದುಕೊಂಡವರೆಷ್ಟೋ! ಒಂದು ಚೂರು ಕಾಣೆಯಾದರೆ ನೋಡುವವರು ಮೊದಲು ಉಜ್ಜಿಕೊಳ್ಳುವುದು ತಮ್ಮ ಕಣ್ಣನ್ನೇ. ಹಳೆಯ ಪಾಠ ಸಂಪೂರ್ಣವಾಗಿ ಉಳಿದಿದ್ದರಿಂದ ಆ ಚಿತ್ರಕ್ಕೆ ಆಮೇಲೆ ಮಾನ ಬಂತು.

ನಮ್ಮಲ್ಲಿ ಅಷ್ಟು ಅದೃಷ್ಟವೂ ಇಲ್ಲ. 1934ರ ‘ಸತಿ ಸುಲೋಚನ’, ಕನ್ನಡದ ಮೊದಲ ಮಾತಿನ ಚಿತ್ರ, ಇಂದು ನೋಡಲು ಸಿಕ್ಕುವುದಿಲ್ಲ. ‘ಬೇಡರ ಕಣ್ಣಪ್ಪ’ ಉಳಿದಿದೆ.

ಮೊನ್ನೆ ಮೊಮ್ಮಗಳು ಅದನ್ನು ತನ್ನ ಫೋನಿನಲ್ಲಿ ಹಾಕಿಕೊಟ್ಟಳು. ಅಂಗೈಯಗಲದ ತೆರೆ, ಶಿಳ್ಳೆಯಿಲ್ಲ, ಸೋಡಾ ಮಾರುವವನಿಲ್ಲ. ಆ ಜಾಗ ಬಂತು. ನೆಗೆಯಲಿಲ್ಲ, ತುಂಡಾಗಲಿಲ್ಲ, ಕಣ್ಣಪ್ಪ ಕಣ್ಣು ಕೊಟ್ಟ. ಚಿತ್ರಕ್ಕೆ ನನ್ನಿಂದ ಏನೂ ನಷ್ಟವಾಗಿಲ್ಲವೆಂದು ಅಂದು ಕಣ್ಣಾರೆ ಕಂಡೆ. ನಷ್ಟವಾದದ್ದು ಕುಣಿಗಲಿನ ಆ ಎರಡು ರಾತ್ರಿಗಳಿಗೆ ಮಾತ್ರ, ಬೆಂಚಿನ ಮೇಲೆ ಕುಳಿತಿದ್ದ ಒಬ್ಬಳಿಗೆ ಮಾತ್ರ.

ನಾನೂರೆಂಬತ್ತರಲ್ಲಿ ಮೂರು ಚೂರು ನನ್ನ ಪೆಟ್ಟಿಗೆಯಲ್ಲಿ ಇನ್ನೂ ಇವೆ. ಒಂದನ್ನು ತೆಗೆದು ಮೊಮ್ಮಗಳ ಕೈಗೆ ಕೊಟ್ಟೆ. ಅವಳು ಅದನ್ನು ಕಿಟಕಿಯ ಬೆಳಕಿಗೆ ಹಿಡಿದು, ಒಂದು ಕಣ್ಣು ಮುಚ್ಚಿ ನೋಡಿದಳು.

“ಏನೂ ಕಾಣಲ್ಲ ತಾತ” ಎಂದಳು.

“ನಿನ್ನ ಕಣ್ಣಿನ ತಪ್ಪಲ್ಲಮ್ಮ” ಎಂದೆ.